ಗಾಡಿ ನಿಂತರೆ ಹಿರಿಯರೂ ನಿಂತಂತೆ

ಚಂದ್ರಾ ಲೇಔಟಿನಿಂದ ಅತ್ತಿಗುಪ್ಪೆ ಮೆಟ್ರೋ ನಿಲ್ದಾಣ ದೂರವೇನಲ್ಲ. ಅಲ್ಲಿ ಲಿಫ್ಟೂ ಇದೆ. ಆದರೆ ನಡೆಯಲಾಗದ ಅಜ್ಜಿಗೆ ಬ್ಯಾಟರಿ ಗಾಲಿಕುರ್ಚಿಯೇ ಕಾಲು. ಅದು ದಾರಿಯಲ್ಲಿ ನಿಲ್ಲತೊಡಗಿದರೆ 'ಮುಂದಿನ ತಿಂಗಳು ನೋಡೋಣ' ಎನ್ನಬೇಡಿ. ಕುರ್ಚಿ ಮೂಲೆ ಸೇರಿದರೆ ಅಜ್ಜಿಯೂ ಮೂಲೆ ಸೇರುತ್ತಾರೆ.

ಸಾಮಾನ್ಯವಾಗಿ ಅದರಲ್ಲಿ 12 ವೋಲ್ಟಿನ ಎರಡು ಬ್ಯಾಟರಿಗಳು ಸೇರಿ 24 ವೋಲ್ಟ್ ಕೊಡುತ್ತವೆ. ಎರಡನ್ನೂ ಒಟ್ಟಿಗೇ ಬದಲಿಸಿ. ಹಳೆಯದರ ಜೊತೆ ಹೊಸದೂ ಬೇಗ ಕೆಡುತ್ತದೆ. ತಂತಿ ಬಿಚ್ಚುವ ಮೊದಲು ಜೋಡಣೆಯ ಫೋಟೋ ತೆಗೆದುಕೊಳ್ಳಿ. ಸೀಸದ ಬ್ಯಾಟರಿಯಾದರೆ, ಬಳಸದ ದಿನಗಳಲ್ಲೂ ಚಾರ್ಜ್ ಇಳಿಯಲು ಬಿಡಬೇಡಿ. ಹಳೆಯದನ್ನು ಕಸಕ್ಕೆ ಹಾಕದೆ ಅಂಗಡಿಗೆ ಮರಳಿಸಿ, ಸೀಸ ವಿಷ. 2022ರ ಬ್ಯಾಟರಿ ತ್ಯಾಜ್ಯ ನಿಯಮಗಳು ಹೇಳುವುದೂ ಅದನ್ನೇ.

ಹಿರಿಯರ ಔಷಧಕ್ಕೆ ಹಣ ತೆಗೆದಿಡುವ ನಾವು ಅವರ ಓಡಾಟಕ್ಕೂ ಒಂದಿಷ್ಟು ತೆಗೆದಿಡೋಣ.