ಆನೆಕಾಲು ಮಾತ್ರೆ ಬೇಡವೆನ್ನುವವರ ನಾಲ್ಕು ವಾದಗಳು

ಬೀದರ್, ಕಲಬುರಗಿ, ಯಾದಗಿರಿಯಂಥ ಜಿಲ್ಲೆಗಳಲ್ಲಿ ಆನೆಕಾಲು ರೋಗದ ಮಾತ್ರೆ ಹಿಡಿದು ಆಶಾ ಕಾರ್ಯಕರ್ತೆಯರು ಮನೆಮನೆಗೆ ಹೋದಾಗ ಅಡ್ಡಿಯಾಗುವ ವಾದಗಳು ನಾಲ್ಕು. ಒಂದೊಂದನ್ನೇ ಒರೆಗೆ ಹಚ್ಚೋಣ, ತೀರ್ಪು ಓದುಗರದು.

"ನನ್ನ ಕಾಲು ಸರಿಯಾಗೇ ಇದೆ, ನನಗೇಕೆ ಮಾತ್ರೆ?" ಈ ರೋಗ ತರುವುದು ವುಚೆರೇರಿಯಾ ಬ್ಯಾಂಕ್ರಾಫ್ಟಿ ಎಂಬ, ದಾರದಂಥ ದುಂಡುಹುಳು. ಅದು ದುಗ್ಧರಸ ನಾಳಗಳಲ್ಲಿ ವರ್ಷಗಟ್ಟಲೆ ಬದುಕಿ ಮರಿ ಹಾಕುತ್ತಿರುತ್ತದೆ. ಮರಿಗಳು ರಕ್ತದಲ್ಲಿ ಹೆಚ್ಚಾಗಿ ಸಿಗುವುದು ರಾತ್ರಿ. ಆರೋಗ್ಯ ಸಿಬ್ಬಂದಿ ರಾತ್ರಿ ಊಟದ ಹೊತ್ತು ಕಳೆದ ಮೇಲೆ ಬಂದು ಬೆರಳು ಚುಚ್ಚಿ ರಕ್ತ ಪಡೆಯುವುದು ಅದಕ್ಕೇ. ಸೋಂಕಿತರಲ್ಲಿ ಬಹಳಷ್ಟು ಜನರಿಗೆ ಹೊರಗೆ ಏನೂ ಕಾಣುವುದಿಲ್ಲ. ಕಾಲು ಊದುವವರೆಗೆ ಕಾದರೆ, ಊದಿದ ಕಾಲನ್ನು ಯಾವ ಮಾತ್ರೆಯೂ ಮೊದಲಿನಂತೆ ಮಾಡದು.

"ನುಂಗಿದವರಿಗೆ ಜ್ವರ, ತಲೆನೋವು ಬಂತು; ಇದು ವಿಷ." ರಕ್ತದಲ್ಲಿದ್ದ ಮರಿಹುಳುಗಳು ಸಾಯುವಾಗ ದೇಹ ತೋರುವ ಪ್ರತಿಕ್ರಿಯೆ ಸಾಮಾನ್ಯವಾಗಿ ಇಂಥದ್ದೇ, ಒಂದೆರಡು ದಿನದಲ್ಲಿ ಇಳಿಯುತ್ತದೆ. ಹುಳುವೇ ಇಲ್ಲ ಎಂದವರೇ ಈ ದೂರನ್ನೂ ತರುತ್ತಾರೆ. ಎರಡನೆಯ ವಾದ ಮೊದಲನೆಯದರ ಬುಡವನ್ನೇ ಕಡಿಯುವುದು ಅವರಿಗೆ ಕಾಣುವುದಿಲ್ಲ. ಗರ್ಭಿಣಿಯರು, ಎರಡು ವರ್ಷದೊಳಗಿನ ಮಕ್ಕಳು, ತೀವ್ರ ಕಾಯಿಲೆಯವರಿಗೆ ಮಾತ್ರೆ ಕೊಡುವುದೇ ಇಲ್ಲ. ಐವರ್ಮೆಕ್ಟಿನ್ ಎಂಬ ಮಾತ್ರೆಯನ್ನೂ ಕೊಡುವ ಕಡೆ ಎತ್ತರ ಅಳೆದು ಪ್ರಮಾಣ ನಿಗದಿ ಮಾಡುತ್ತಾರೆ. ವಿಷ ಹಂಚುವವರು ಇಷ್ಟು ಲೆಕ್ಕ ಇಡುವುದಿಲ್ಲ.

"ಸೊಳ್ಳೆ ಕೊಲ್ಲಿ, ಸಾಕು." ಚರಂಡಿ ಸ್ವಚ್ಛವಾಗಲೇಬೇಕು, ಒಪ್ಪಿದೆ. ಆದರೆ ಕ್ಯೂಲೆಕ್ಸ್ ಸೊಳ್ಳೆ ಹುಳುವನ್ನು ದಾಟಿಸುತ್ತದೆ ಅಷ್ಟೆ; ಹುಳು ಬೆಳೆದು ಮರಿ ಹಾಕುವುದು ಮನುಷ್ಯನ ಮೈಯೊಳಗೆ. ಅಲ್ಲಿಗೆ ಯಾವ ಫಾಗಿಂಗ್ ಯಂತ್ರದ ಹೊಗೆಯೂ ತಲುಪದು.

"ವರ್ಷ ವರ್ಷ ನುಂಗಿಸುತ್ತಾರೆಂದರೆ ಮಾತ್ರೆಗೆ ಗುಣವೇ ಇಲ್ಲ." ಹಂಚುವ ಡಿಇಸಿ, ಅಲ್ಬೆಂಡಜೋಲ್ ಮಾತ್ರೆಗಳು ಮರಿಗಳನ್ನು ಬೇಗ ತೆಗೆಯುತ್ತವೆ; ದೊಡ್ಡ ಹುಳುಗಳೆಲ್ಲ ಒಂದೇ ಸಲಕ್ಕೆ ಸಾಯುವುದಿಲ್ಲ. ಅವು ಮುಗಿಯುವವರೆಗೆ ಮರಿ ಹರಡದಂತೆ ತಡೆಯಬೇಕು, ಅದಕ್ಕೇ ಪ್ರತಿವರ್ಷ. ಶ್ರೀಲಂಕಾ 2002ರಿಂದ 2006ರವರೆಗೆ ಹೀಗೆಯೇ ನುಂಗಿಸಿತು. ಆನೆಕಾಲು ರೋಗ ಅಲ್ಲಿ ಸಾರ್ವಜನಿಕ ಆರೋಗ್ಯ ಸಮಸ್ಯೆಯಾಗಿ ಉಳಿದಿಲ್ಲವೆಂದು 2016ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ದೃಢಪಡಿಸಿತು.

ವಾದ ಮುಗಿದಾಗ ಉಳಿಯುವುದು ಒಂದು ನೆಪ: "ಕೊಟ್ಟು ಹೋಗಿ, ಆಮೇಲೆ ನುಂಗುತ್ತೇನೆ." ಗೂಡಿನಲ್ಲಿಟ್ಟ ಮಾತ್ರೆ ಯಾವ ಹುಳುವನ್ನೂ ಕೊಲ್ಲದು. ಊಟ ಮಾಡಿ, ಬಂದವರ ಎದುರಿಗೇ ನುಂಗಿ. ನಿಮ್ಮ ರಕ್ತದಲ್ಲಿ ಉಳಿದ ಮರಿಹುಳು ನಾಳೆ ಪಕ್ಕದ ಮನೆಯ ಮಗುವಿನ ಕಾಲಿಗೆ ಇಳಿಯಬಹುದು.