ಜಪಾನ್ ಓದೂದಾದ್ರ ಎಲ್ಲಿಂದ ಶುರು ಮಾಡೋದು?

ನಮ್ಮ ತೆಲಸಂಗದ ಕಡೆ ದುಡಿಯಾಕ ಹೋಗೋದು ಅಂದ್ರ ಮೊದಲು ನೆನಪಾಗೋದು ಸಾಂಗ್ಲಿ, ಮಿರಜ, ಪುಣೆ. ಆಮೇಲೆ ಬೆಂಗಳೂರು. ಈಗ ಆ ಪಟ್ಟಿಗೆ ಜಪಾನ್ ಹೆಸರೂ ಸೇರುವ ಕಾಲ ಬಂದಿದೆ. ಕೌಶಲ ಇರುವ ಕೆಲಸಗಾರರನ್ನು ಕರೆಸಿಕೊಳ್ಳುವ ಬಗ್ಗೆ 2021ರ ಜನವರಿಯಲ್ಲಿ ಭಾರತ ಮತ್ತು ಜಪಾನ್ ಸರ್ಕಾರಗಳು ಒಪ್ಪಂದ ಮಾಡಿಕೊಂಡವು. ವೃದ್ಧರ ಆರೈಕೆ, ಕೃಷಿ, ಕಟ್ಟಡ ಕೆಲಸ ಎಲ್ಲ ಅದರಲ್ಲಿವೆ. ಭಾಷೆಯ ಪರೀಕ್ಷೆ ಪಾಸಾಗಬೇಕು. ಭಾಷೆ ಕ್ಲಾಸಿನಲ್ಲಿ ಕಲೀಬಹುದು. ಆದ್ರೆ ಆ ದೇಶ ಹೆಂಗದ, ಅಲ್ಲಿಯ ಜನ ಹೆಂಗ ಬದುಕ್ತಾರ ಅನ್ನೋದಕ್ಕೆ ಪುಸ್ತಕವೇ ಬೇಕು.

ಪುಸ್ತಕ ಅಂದ ಕೂಡಲೇ ಎಲ್ಲರ ಕೈಗೆ ಬರೋದು 'ಇಕಿಗಾಯ್'. ಚಂದದ ನೀಲಿ ರಕ್ಷಾಪುಟ, ಎರಡು ತಾಸಿನಲ್ಲಿ ಓದಿ ಮುಗಿಸಬಹುದು. ಒಂದು ಮಾತು ಗಮನಿಸಿ: ಅದನ್ನು ಬರೆದವರು ಹೆಕ್ಟರ್ ಗಾರ್ಸಿಯಾ ಮತ್ತು ಫ್ರಾನ್ಸೆಸ್ಕ್ ಮಿರಾಯೆಸ್, ಇಬ್ಬರೂ ಸ್ಪೇನ್ ದೇಶದವರು. ಇನ್ನೊಂದು ಹೆಸರಾಂತ ಪುಸ್ತಕ ರೂತ್ ಬೆನೆಡಿಕ್ಟ್ ಅವರ 'ದ ಕ್ರಿಸಾಂತಮಮ್ ಆಂಡ್ ದ ಸೋರ್ಡ್'. ಬಂದದ್ದು 1946ರಲ್ಲಿ. ಯುದ್ಧಕಾಲದಲ್ಲಿ ಅಮೆರಿಕ ಸರ್ಕಾರಕ್ಕಾಗಿ ಮಾಡಿದ ಅಧ್ಯಯನದಿಂದ ಹುಟ್ಟಿದ ಪುಸ್ತಕ ಅದು. ಬೆನೆಡಿಕ್ಟ್ ಜಪಾನಿನ ನೆಲ ಮೆಟ್ಟಿದವರೇ ಅಲ್ಲ. 1900ರಲ್ಲಿ ಬಂದ 'ಬುಷಿದೊ' ಬರೆದ ನಿತೊಬೆ ಇನಾಜೊ ಜಪಾನಿನವರೇ, ಆದ್ರೆ ಬರೆದದ್ದು ಇಂಗ್ಲಿಷಿನಲ್ಲಿ, ಹೊರಗಿನವರಿಗೆ ತಮ್ಮ ದೇಶದ ಹಿರಿಮೆ ತಿಳಿಸಲು.

ಇವು ಓದಬಾರದ ಪುಸ್ತಕಗಳು ಅಂತ ಹೇಳ್ತಿಲ್ಲ. ಮನೆಗೆ ಬೀಗರು ಬಂದಾಗ ನಾವು ಪಡಸಾಲಿ ತೋರಿಸ್ತೀವಿ, ಹಿತ್ತಲ ತೋರಿಸೋದಿಲ್ಲ. ಈ ಪುಸ್ತಕಗಳಲ್ಲಿ ಕಾಣೋದು ಪಡಸಾಲಿ. ಹಿತ್ತಲ ನೋಡಬೇಕಂದ್ರೆ ಜಪಾನಿನವರು ತಮ್ಮವರಿಗಾಗಿಯೇ ಬರೆದದ್ದನ್ನು ಓದಬೇಕು. ಅಂಥ ಐದು ಪುಸ್ತಕ ಇಲ್ಲಿವೆ.

ಮೊದಲನೆಯದು ಕನ್ನಡದಲ್ಲೇ ಇದೆ: ತೆತ್ಸುಕೊ ಕುರೊಯನಾಗಿ ಅವರ 'ತೊತ್ತೊ-ಚಾನ್'. ಜಪಾನಿನಲ್ಲಿ 1981ರಲ್ಲಿ ಬಂತು. ನ್ಯಾಷನಲ್ ಬುಕ್ ಟ್ರಸ್ಟ್ ಕನ್ನಡಕ್ಕೆ ತಂದಿದೆ. ತುಂಟಿ ಅಂತ ಒಂದು ಶಾಲೆಯಿಂದ ಹೊರಗೆ ಹಾಕಿಸಿಕೊಂಡ ಹುಡುಗಿಗೆ, ರೈಲು ಡಬ್ಬಿಗಳೇ ತರಗತಿಯಾಗಿದ್ದ ಶಾಲೆ ಸಿಗುತ್ತದೆ. ಮುಖ್ಯೋಪಾಧ್ಯಾಯರು ಅವಳ ಮಾತನ್ನು ತಾಸುಗಟ್ಟಲೆ ಕೇಳುತ್ತಾರೆ. 1945ರ ಬಾಂಬ್ ದಾಳಿಯಲ್ಲಿ ಆ ಶಾಲೆ ಸುಟ್ಟು ಹೋಗುತ್ತದೆ. ಶಿಸ್ತಿನ ದೇಶ ಅಂತ ನಾವು ಹೊಗಳುವ ಜಪಾನಿನಲ್ಲಿ, ಶಿಸ್ತಿನ ಚೌಕಟ್ಟಿಗೆ ಹೊಂದದ ಮಗುವಿನ ಕಥೆಯನ್ನು ಲಕ್ಷಾಂತರ ಜನ ಕೊಂಡು ಓದಿದರು. ಯಾಕೆ ಅಂತ ಯೋಚಿಸಿ ನೋಡಿ.

ಎರಡನೆಯದು ನಮ್ಮ ಅಥಣಿ ತಾಲೂಕಿನವರು ಓದಲೇಬೇಕಾದದ್ದು: ಶಿಮಾಜಾಕಿ ತೋಸೊನ್ ಅವರ 1906ರ ಕಾದಂಬರಿ 'ಹಕಾಯ್'. ಇಂಗ್ಲಿಷಿನಲ್ಲಿ 'ದ ಬ್ರೋಕನ್ ಕಮಾಂಡ್‌ಮೆಂಟ್'. ಜಪಾನಿನಲ್ಲಿ ಜಾತಿ ಇಲ್ಲ ಅಂತ ನಮ್ಮಲ್ಲಿ ಬಹಳ ಜನ ತಿಳಿದಿದ್ದಾರೆ. ಆದರೆ ಚರ್ಮದ ಕೆಲಸ, ಸತ್ತ ದನದ ಕೆಲಸ ಮಾಡುತ್ತಿದ್ದವರನ್ನು ಅಲ್ಲಿಯೂ ಊರ ಹೊರಗೆ ಇಟ್ಟಿದ್ದರು. 1871ರಲ್ಲಿ ಕಾನೂನು ಅವರನ್ನು ಸಮಾನರು ಅಂತ ಸಾರಿತು, ಸಮಾಜ ಸಾರಲಿಲ್ಲ. ಕಾದಂಬರಿಯ ನಾಯಕ ಒಬ್ಬ ಶಾಲಾ ಮಾಸ್ತರ. ಹುಟ್ಟಿನ ಗುಟ್ಟನ್ನು ಯಾರಿಗೂ ಹೇಳಬೇಡ ಅಂತ ಅಪ್ಪ ಆಣೆ ಹಾಕಿಸಿರುತ್ತಾನೆ. ಬಾಡಿಗೆ ಮನೆಯಿಂದ ಒಬ್ಬ ಶ್ರೀಮಂತನನ್ನು ಹುಟ್ಟಿನ ಕಾರಣಕ್ಕೆ ಹೊರಹಾಕುವುದನ್ನು ಕಣ್ಣಾರೆ ಕಂಡ ಮಾಸ್ತರನ ಎದೆ ನಡುಗುತ್ತದೆ. ಇದು ಬರೀ ಹಳೇ ಕಥೆಯಲ್ಲ. ಈ ಸಮುದಾಯದ ಕೇರಿಗಳ ಹೆಸರಿನ ಪಟ್ಟಿ ಮಾಡಿ, ಕೆಲಸಕ್ಕೆ ಯಾರನ್ನು ತೆಗೆದುಕೊಳ್ಳಬಾರದು ಅಂತ ನೋಡಲು ಕಂಪನಿಗಳಿಗೆ ಮಾರುತ್ತಿದ್ದುದು 1975ರಲ್ಲಿ ಬಯಲಾಯಿತು. ಅಥಣಿಯ ಚಪ್ಪಲಿ ಊರೂರಿಗೆ ಹೋಗುತ್ತದೆ. ಅದನ್ನು ಹೊಲಿದ ಕೈಗೆ ಎಷ್ಟು ಮರ್ಯಾದೆ ಸಿಕ್ಕಿದೆ ಅಂತ ಗೊತ್ತಿರುವ ನಮಗೆ ಈ ಪುಸ್ತಕ ದೂರದ್ದು ಅನಿಸೋದಿಲ್ಲ.

ಮೂರನೆಯದು ಫ್ಯಾಕ್ಟರಿಯದು. 1888ರಲ್ಲಿ ಬೆಳಗಾವಿಯಲ್ಲಿ ಸೈಕಲ್ ಅಂಗಡಿಯಿಂದ ಶುರುವಾದ ಕಿರ್ಲೋಸ್ಕರ್ ಹೆಸರು 1997ರಲ್ಲಿ ಟೊಯೊಟಾ ಜೊತೆ ಸೇರಿತು. ಬಿಡದಿಯಲ್ಲಿ ಕಾರಿನ ಕಾರ್ಖಾನೆ ಎದ್ದಿತು. 'ಕೈಜೆನ್' ಅನ್ನೋ ಪದ ಈಗ ನಿಮ್ಮ ಆಫೀಸಿನ ಗೋಡೆ ಮೇಲೂ ಇರಬಹುದು. ಆ ಪದ್ಧತಿ ಕೆಲಸಗಾರನ ಮೈಗೆ ಹೆಂಗ ತಾಗುತ್ತದೆ ಅಂತ ತಿಳಿಯಲು ಪತ್ರಕರ್ತ ಕಮಾತಾ ಸತೋಶಿ 1972ರಲ್ಲಿ ಜಪಾನಿನ ಟೊಯೊಟಾದಲ್ಲಿ ಹಂಗಾಮಿ ಕಾರ್ಮಿಕನಾಗಿ ಸೇರಿ, ಡೈರಿ ಬರೆದರು. ಇಂಗ್ಲಿಷಿನಲ್ಲಿ ಅದು 'ಜಪಾನ್ ಇನ್ ದ ಪಾಸಿಂಗ್ ಲೇನ್'. ಐವತ್ತು ವರ್ಷದ ಹಿಂದಿನ ಮಾತು, ಖರೆ. ಆದರೂ ಮ್ಯಾನೇಜ್‌ಮೆಂಟ್ ಪುಸ್ತಕ ಓದಿದವರು ಇದನ್ನೂ ಪಕ್ಕದಲ್ಲಿ ಇಟ್ಟುಕೊಳ್ಳಬೇಕು.

ನಾಲ್ಕನೆಯದು ಇವತ್ತಿನದು: ಸಯಾಕಾ ಮುರಾತಾ ಅವರ 'ಕನ್ವೀನಿಯನ್ಸ್ ಸ್ಟೋರ್ ವುಮನ್'. 2016ರಲ್ಲಿ ಜಪಾನಿನ ದೊಡ್ಡ ಸಾಹಿತ್ಯ ಪ್ರಶಸ್ತಿ ಅಕುತಾಗಾವಾ ಪಡೆಯಿತು. ಮೂವತ್ತಾರು ವಯಸ್ಸಿನ ಹೆಣ್ಣುಮಗಳು ಹದಿನೆಂಟು ವರ್ಷದಿಂದ ಅದೇ ಅಂಗಡಿಯಲ್ಲಿ ಕೆಲಸ ಮಾಡ್ತಾಳೆ, ಸುಖವಾಗಿದ್ದಾಳೆ. ಸುತ್ತಲಿನವರಿಗೆ ಸುಖವಿಲ್ಲ: ಮದುವೆ ಯಾವಾಗ? ಸರಿಯಾದ ನೌಕರಿ ಯಾವಾಗ? ಈ ಪ್ರಶ್ನೆ ಕೇಳಿ ಕೇಳಿ ಸಾಕಾದವರು ನಮ್ಮ ಓದುಗರಲ್ಲಿ ಎಷ್ಟು ಜನ ಇದ್ದೀರೋ! ಸಣ್ಣ ಪುಸ್ತಕ, ಫೋನಿನಲ್ಲೂ ಓದಬಹುದು.

ಐದನೆಯದು ಹೊಲದ್ದು. ಮಸನೊಬು ಫುಕುವೋಕ ಅವರ 'ಒಂದು ಹುಲ್ಲಿನ ಕ್ರಾಂತಿ', ಕನ್ನಡಕ್ಕೆ ತಂದವರು ಸಂತೋಷ್ ಕೌಲಗಿ. ಪೂರ್ಣಚಂದ್ರ ತೇಜಸ್ವಿ ಕೂಡ 'ಸಹಜ ಕೃಷಿ'ಯಲ್ಲಿ ಇವರ ವಿಚಾರ ಬರೆದಿದ್ದಾರೆ. ಯೊಕೊಹಾಮಾದ ಸರ್ಕಾರಿ ನೌಕರಿ ಬಿಟ್ಟು ಹಳ್ಳಿಗೆ ಮರಳಿದ ವಿಜ್ಞಾನಿ, ಉಳುಮೆ ಇಲ್ಲದೆ ಭತ್ತ ಬೆಳೆದ ರೈತ. ಒಂದು ಎಚ್ಚರಿಕೆ: ಅವರ ಶಿಕೊಕು ದ್ವೀಪದ ಮಳೆ ಬೇರೆ, ನಮ್ಮ ತೆಲಸಂಗದ ಮಳೆ ಬೇರೆ. ಅಲ್ಲಿಯ ಪದ್ಧತಿಯನ್ನು ಇಲ್ಲಿ ಹಂಗೇ ನಕಲು ಮಾಡಾಕ ಆಗೂದಿಲ್ಲ. ತನ್ನ ಹೊಲವನ್ನು ವರ್ಷಗಟ್ಟಲೆ ಸುಮ್ಮನೆ ನೋಡುತ್ತ ಕಲಿತ ಅವರ ತಾಳ್ಮೆಯನ್ನು ಕಲೀಬಹುದು.

ತಿಂಗಳಿಗೆ ಒಂದರಂತೆ ಓದಿದರೆ ಐದು ತಿಂಗಳು. ಕನ್ನಡದ ಎರಡನ್ನು ಮೊದಲು ಮುಗಿಸಿ, ಇಂಗ್ಲಿಷಿಗೆ ಆಮೇಲೆ ಹೋಗಿ. ಜಪಾನಿಗೆ ಹೊರಟ ತಮ್ಮನೋ ತಂಗಿಯೋ ಮನೆಯಲ್ಲಿದ್ದರೆ ಅವರ ಬ್ಯಾಗಿನಲ್ಲಿ ಇವುಗಳಲ್ಲಿ ಒಂದನ್ನಾದರೂ ಇಡಿ. ಅಲ್ಲಿ ಹೋಗಿ ಒಂಟಿ ಅನಿಸಿದಾಗ, ಆ ದೇಶದಲ್ಲೂ ದಣಿದವರು, ಅವಮಾನ ನುಂಗಿದವರು, ಎದುರು ಮಾತಾಡಿದವರು ಇದ್ದಾರೆ ಅಂತ ಗೊತ್ತಿರೋದು ದೊಡ್ಡ ಧೈರ್ಯ.