ನವೆಂಬರಿಗೊಬ್ಬ ಶತ್ರು

ಕಾಲ್ ಆಫ್ ಡ್ಯೂಟಿ ಎಂಬ ಯುದ್ಧದ ಗೇಮ್ ಹೊರತರುವ ಆಕ್ಟಿವಿಷನ್ ಕಂಪನಿ 2025ರ ಡಿಸೆಂಬರಿನಲ್ಲಿ ತನ್ನ ಗಿರಾಕಿಗಳಿಗೆ ಒಂದು ಮಾತು ಕೊಟ್ಟಿತು. ‘ಮಾಡರ್ನ್ ವಾರ್‌ಫೇರ್’ ಆಗಲಿ ‘ಬ್ಲ್ಯಾಕ್ ಆಪ್ಸ್’ ಆಗಲಿ, ಇನ್ನು ಮೇಲೆ ಒಂದೇ ಹೆಸರಿನ ಗೇಮನ್ನು ಎರಡು ವರ್ಷ ಬೆನ್ನುಬೆನ್ನಿಗೆ ತರುವುದಿಲ್ಲವಂತೆ. ನಿಮ್ಮಲ್ಲಿ ಕೆಲವರ ನಿರೀಕ್ಷೆ ಪೂರ್ತಿ ಈಡೇರಲಿಲ್ಲ, ಅದು ನಮಗೂ ಗೊತ್ತು ಎಂದೂ ಒಪ್ಪಿಕೊಂಡಿತು. 50 ಕೋಟಿಗೂ ಹೆಚ್ಚು ಪ್ರತಿ ಮಾರಿದ ಸರಣಿಯೊಂದು ಹೀಗೆ ದನಿ ತಗ್ಗಿಸಿ ಮಾತಾಡುವುದು ಅಪರೂಪ. ಗೇಮ್ ಆಡುವ ಹುಡುಗರು ಗೆದ್ದೆವೆಂದು ಹಿಗ್ಗಿದರು. ಆದರೆ ಆ ಹೇಳಿಕೆಯನ್ನು ಸಾವಧಾನವಾಗಿ ಓದಿದರೆ, ಪ್ರತಿ ವರ್ಷ ತರುವುದನ್ನು ನಿಲ್ಲಿಸುತ್ತೇವೆ ಎಂದು ಎಲ್ಲೂ ಇಲ್ಲ. ಈ ವರ್ಷ ಅಣ್ಣ ಬಂದರೆ ಬರುವ ವರ್ಷ ತಮ್ಮ ಬರುತ್ತಾನೆ, ಅಷ್ಟೆ.

ಮೊದಲ ಕಾಲ್ ಆಫ್ ಡ್ಯೂಟಿ ಬಂದದ್ದು 2003ರ ಅಕ್ಟೋಬರಿನಲ್ಲಿ. 2005ರಿಂದೀಚೆಗೆ ಒಂದು ವರ್ಷವೂ ತಪ್ಪಿಲ್ಲ. ಅಕ್ಟೋಬರ್, ತಪ್ಪಿದರೆ ನವೆಂಬರ್. ಅಮೆರಿಕದವರು ಥ್ಯಾಂಕ್ಸ್‌ಗಿವಿಂಗ್ ಖರೀದಿಗೆ ಹೊರಡುವ ಹೊತ್ತಿಗೆ ಅಂಗಡಿಯಲ್ಲಿ ಇರಲೇಬೇಕು, ಕ್ರಿಸ್‌ಮಸ್‌ವರೆಗೂ ಓಡಬೇಕು. ಇದಕ್ಕಾಗಿ ಇನ್ಫಿನಿಟಿ ವಾರ್ಡ್, ಟ್ರೇಯಾರ್ಕ್, ಸ್ಲೆಡ್ಜ್‌ಹ್ಯಾಮರ್ ಎಂಬ ಮೂರು ದೊಡ್ಡ ಸ್ಟುಡಿಯೊಗಳು ಸರದಿಯ ಮೇಲೆ ದುಡಿಯುತ್ತವೆ. ರೇವನ್, ಬೀನಾಕ್ಸ್‌ನಂಥವು ಹೆಗಲು ಕೊಡುತ್ತವೆ. ಇಲ್ಲಿ ಮೊದಲು ಗೊತ್ತಾಗುವುದು ತಾರೀಕು, ಕಥೆ ಆಮೇಲೆ. 2023ರ ‘ಮಾಡರ್ನ್ ವಾರ್‌ಫೇರ್ 3’ ಹೆಚ್ಚುಕಡಿಮೆ ಒಂದೂವರೆ ವರ್ಷದಲ್ಲಿ, ಹಿಂದಿನವುಗಳ ಅರ್ಧದಷ್ಟು ಸಮಯದಲ್ಲಿ ತಯಾರಾಯಿತು ಎಂದು ಬ್ಲೂಮ್‌ಬರ್ಗ್ ಬರೆದಾಗ ಸ್ಟುಡಿಯೊದವರು ಸಿಡುಕಿದರು. ಆಡಿದವರಿಗೆ ಮಾತ್ರ ಆ ವರದಿಯೇನೂ ಬೇಕಿರಲಿಲ್ಲ, ಕೆಲವೇ ಗಂಟೆಗಳಲ್ಲಿ ಮುಗಿದುಹೋದ ಕಥೆಯೇ ಎಲ್ಲ ಹೇಳಿತ್ತು.

ಮುಂದಿನ ಸರದಿ ಇನ್ಫಿನಿಟಿ ವಾರ್ಡಿನದು, ಹೆಸರು ಮತ್ತೆ ಮಾಡರ್ನ್ ವಾರ್‌ಫೇರ್ ಎಂದು ಹುಡುಗರು ಆಗಲೇ ಲೆಕ್ಕ ಹಾಕಿ ಕೂತಿದ್ದಾರೆ. ಹೆಸರು ಏನಾದರೂ ಇರಲಿ. ಈ ಸಲ ಯುದ್ಧ ಯಾರ ಮೇಲೆ? ನನಗೆ ಬೇಕಾದ ಸುದ್ದಿ ಅದೊಂದೇ.

ಏಕೆಂದರೆ ವರ್ಷಕ್ಕೊಂದು ಯುದ್ಧದ ಗೇಮ್ ಎಂದರೆ ವರ್ಷಕ್ಕೊಬ್ಬ ಶತ್ರು ಬೇಕು. ಮೊದಮೊದಲು ಚಿಂತೆಯಿರಲಿಲ್ಲ, ನಾಜಿಗಳಿದ್ದರು. ನಾಜಿಗೆ ಗುಂಡು ಹೊಡೆದರೆ ಯಾರೂ ದೂರು ಕೊಡುವುದಿಲ್ಲ. (ಆ ಮಹಾಯುದ್ಧದಲ್ಲಿ ಭಾರತದ 25 ಲಕ್ಷ ಸೈನಿಕರಿದ್ದರು. 2003ರ ಗೇಮಿನಲ್ಲಿ ನಾವು ಆಡಬಹುದಾದದ್ದು ಅಮೆರಿಕನ್, ಬ್ರಿಟಿಷ್, ಸೋವಿಯತ್ ಸೈನಿಕರಾಗಿ ಮಾತ್ರ. 2021ರ ‘ವ್ಯಾನ್‌ಗಾರ್ಡ್’ನಲ್ಲಿ ಕಥೆಯ ನಾಯಕನಾಗಿ ಆಸ್ಟ್ರೇಲಿಯಾದವನಿಗೂ ಜಾಗ ಸಿಕ್ಕಿತು, ನಮ್ಮವರಿಗೆ ಇಲ್ಲ.) ಆಮೇಲೆ ಹೆಸರಿಲ್ಲದ ಒಂದು ಅರಬ್ ದೇಶ ಬಂತು. ಅದರ ಹಿಂದೆ ರಷ್ಯಾ, ಕ್ಯೂಬಾ, ಮೆಕ್ಸಿಕೊದ ಡ್ರಗ್ ದೊರೆಗಳು, ಇರಾನಿನ ಸೇನಾಧಿಕಾರಿ. 2011ರ ಗೇಮಿನಲ್ಲಿ ನಮ್ಮ ಹಿಮಾಚಲ ಪ್ರದೇಶವೂ ಒಂದು ಗಳಿಗೆ ಮಿಂಚಿ ಮರೆಯಾಗುತ್ತದೆ. ಗಾಯಗೊಂಡ ಬ್ರಿಟಿಷ್ ಸೈನಿಕ ಅಡಗಿದ ಮನೆಯ ಮೇಲೆ ರಷ್ಯನ್ನರು ಮುಗಿಬೀಳಲು ಒಂದು ಬೆಟ್ಟದೂರು ಬೇಕಿತ್ತು. 2025ರ ‘ಬ್ಲ್ಯಾಕ್ ಆಪ್ಸ್ 7’ ಹೊತ್ತಿಗೆ ದೇಶಗಳ ಪಟ್ಟಿಯೇ ಬರಿದಾಗಿ, 2035ರ ಒಂದು ಖಾಸಗಿ ಕಂಪನಿಯನ್ನೇ ಶತ್ರು ಮಾಡಬೇಕಾಯಿತು. ಮೈಕ್ರೋಸಾಫ್ಟ್ ಒಡೆತನದ ಗೇಮಿನಲ್ಲಿ ತಂತ್ರಜ್ಞಾನದ ಕಂಪನಿಯೇ ಖಳನಾಯಕ. ಇದರಲ್ಲಿ ತಮಾಷೆಯಿದೆ ಎಂದು ಅವರಿಗೆ ಅನ್ನಿಸಿತ್ತೋ ಇಲ್ಲವೋ.

ಇವರಿಗೆ ಹೇಳಲು ಏನೂ ಇರಲಿಲ್ಲ ಅಂತಲ್ಲ. 2007ರ ‘ಮಾಡರ್ನ್ ವಾರ್‌ಫೇರ್’ ಬಗ್ಗೆ ಹಾಗೆ ಹೇಳಿದರೆ ನಾಲಗೆಗೆ ಅಪಚಾರ. ಇನ್ಫಿನಿಟಿ ವಾರ್ಡ್ ಕಟ್ಟಿದವರಲ್ಲಿ ಒಬ್ಬರಾದ ವಿನ್ಸ್ ಝಂಪೆಲ್ಲಾ ಮುಂದೆ ಹೇಳಿಕೊಂಡಂತೆ, ಇವತ್ತಿನ ಕಾಲದ ಯುದ್ಧ ಬೇಡ, ಎರಡನೇ ಮಹಾಯುದ್ಧವೇ ಸಾಕು ಎಂಬುದು ಆಗ ಕಂಪನಿಯ ಹಟವಾಗಿತ್ತು. ಸ್ಟುಡಿಯೊದ ಹುಡುಗರು ಕೇಳಲಿಲ್ಲ. ಆ ಗೇಮಿನಲ್ಲಿ ಒಂದು ಅಧ್ಯಾಯವಿದೆ. ನೀವು ಮೋಡದ ಮೇಲೆ ಹಾರುವ ಎಸಿ-130 ವಿಮಾನದಲ್ಲಿ ತೋಪಿನ ಮುಂದೆ ಕೂತಿದ್ದೀರಿ. ಪರದೆ ಕಪ್ಪುಬಿಳುಪು. ಕೆಳಗೆ ಶಾಖದ ಗುರುತಾಗಿ ಕಾಣುವ ಬಿಳಿ ಚುಕ್ಕೆಗಳು ಓಡುತ್ತವೆ, ನೀವು ಗುಂಡಿ ಒತ್ತುತ್ತೀರಿ, ಕ್ಷಣ ಬಿಟ್ಟು ಚುಕ್ಕೆಗಳು ಚದುರಿ ಬೀಳುತ್ತವೆ. ಸದ್ದಿಲ್ಲ, ಕೂಗಿಲ್ಲ. ರೇಡಿಯೊದಲ್ಲಿ ಸಹೋದ್ಯೋಗಿಯ ದನಿ ಕಚೇರಿಯ ಕೆಲಸ ಮುಗಿಸಿದವನ ದನಿಯಂತೆ ಸಮವಾಗಿದೆ. ಆ ಗೇಮ್ ಬಂದ ವರ್ಷದ ಜುಲೈನಲ್ಲೇ ಬಾಗ್ದಾದಿನ ಬೀದಿಯಲ್ಲಿ ಅಮೆರಿಕದ ಹೆಲಿಕಾಪ್ಟರು ರಾಯಿಟರ್ಸ್ ಸಂಸ್ಥೆಯ ಇಬ್ಬರನ್ನೂ ಅವರ ಸುತ್ತಲಿದ್ದವರನ್ನೂ ಕೊಂದಿತ್ತು. ಅದರ ವಿಡಿಯೊ ವಿಕಿಲೀಕ್ಸ್ ಮೂಲಕ 2010ರಲ್ಲಿ ಹೊರಬಿದ್ದಾಗ, ಆ ಅಧ್ಯಾಯ ಆಡಿದ್ದವರಿಗೆ ಪರದೆಯೂ ಗೊತ್ತಿತ್ತು, ದನಿಯೂ ಗೊತ್ತಿತ್ತು.

ಅದೇ ಗೇಮಿನಲ್ಲಿ ಸತ್ತಾಗಲೆಲ್ಲ ಪರದೆಯ ಮೇಲೆ ಒಂದು ಸಾಲು ಮೂಡುತ್ತಿತ್ತು. ಕೆಲವು ಯುದ್ಧವನ್ನು ಹಳಿಯುವ ಹಿರಿಯರ ಮಾತು. ಇನ್ನು ಕೆಲವು ಬರೀ ಬೆಲೆಪಟ್ಟಿ: ಒಂದು ಟೊಮಹಾಕ್ ಕ್ಷಿಪಣಿಗೆ 9 ಲಕ್ಷ ಡಾಲರ್. ಇನ್ನೊಂದು ಕಡೆ ಅಣುಬಾಂಬು ಸಿಡಿದ ಮೇಲೆ ನೀವು ಆಡುತ್ತಿರುವ ಸೈನಿಕ ಉರುಳಿದ ಹೆಲಿಕಾಪ್ಟರಿನಿಂದ ತೆವಳಿ ಹೊರಬರುತ್ತಾನೆ. ಅವನನ್ನು ಉಳಿಸಲು ನಿಮ್ಮ ಕೈಯಲ್ಲಿ ಏನೂ ಇಲ್ಲ, ನಾಲ್ಕು ಹೆಜ್ಜೆ ನಡೆಸುತ್ತೀರಿ, ಅವನು ಸಾಯುತ್ತಾನೆ. ನಾಯಕ ಗೆಲ್ಲಲೇಬೇಕೆಂಬ ಕಾಲದಲ್ಲಿ ಇದು ಸಣ್ಣ ಧೈರ್ಯವಲ್ಲ.

ಆ ಧೈರ್ಯಕ್ಕೆ ಗಿರಾಕಿ ಸಿಕ್ಕಿದ್ದೇ ತಡ, ಅದನ್ನು ವರ್ಷ ವರ್ಷ ತಯಾರಿಸುವ ಯೋಚನೆ ಬಂತು. 2009ರ ಗೇಮಿನಲ್ಲಿ ‘ನೋ ರಷ್ಯನ್’ ಎಂಬ ಅಧ್ಯಾಯ. ಆಟಗಾರ ಭಯೋತ್ಪಾದಕರ ಗುಂಪಿನೊಳಗೆ ಸೇರಿಕೊಂಡ ಗೂಢಚಾರ, ಮಾಸ್ಕೋದ ವಿಮಾನ ನಿಲ್ದಾಣದಲ್ಲಿ ಸಾಲುಗಟ್ಟಿ ನಿಂತ ಪ್ರಯಾಣಿಕರ ಮೇಲೆ ಗುಂಡಿನ ಮಳೆ. ನೋಡಲು ಕಷ್ಟವಾದರೆ ಬಿಟ್ಟು ಮುಂದೆ ಹೋಗಿ ಎಂದು ಗೇಮೇ ಕೇಳಿಕೊಳ್ಳುತ್ತಿತ್ತು. ರಷ್ಯಾದಲ್ಲಿ ಮಾರಿದ ಪ್ರತಿಯಿಂದ ಅದನ್ನು ಕಿತ್ತರು. ಜಪಾನ್, ಜರ್ಮನಿಯಲ್ಲಿ ನಾಗರಿಕರಿಗೆ ಗುಂಡು ಹಾರಿಸಿದರೆ ಆಟ ಅಲ್ಲಿಗೇ ಮುಗಿಯುವಂತೆ ಮಾಡಿದರು. ಬ್ರಿಟನ್ ಸಂಸತ್ತಿನಲ್ಲೂ ಚರ್ಚೆಯಾಯಿತು. ಗೇಮಿಗೆ ಅದಕ್ಕಿಂತ ದೊಡ್ಡ ಜಾಹೀರಾತು ಬೇಕಿರಲಿಲ್ಲ. 2007ರ ವಿಮಾನದ ಅಧ್ಯಾಯಕ್ಕೂ ಇದಕ್ಕೂ ನಡುವೆ ಇರುವುದು ಎರಡೇ ವರ್ಷ. ಮೊದಲಿನದರಲ್ಲಿ ಕೊಲ್ಲುವುದು ಎಷ್ಟು ಸುಲಭವಾಗಿಬಿಟ್ಟಿದೆ ಎಂಬುದು ತಾನಾಗಿ ಕಾಣುತ್ತದೆ. ಎರಡನೆಯದರಲ್ಲಿ, ನೀವು ಬೆಚ್ಚಿದಿರಾ ಎಂದು ಯಾರೋ ಪಕ್ಕದಲ್ಲಿ ಕೂತು ಮುಖ ನೋಡುತ್ತಿದ್ದಾರೆ.

ನನಗೆ ಹೆಚ್ಚು ಕೋಪ ಬರಿಸಿದ್ದು ಇದಲ್ಲ, ಹತ್ತು ವರ್ಷದ ನಂತರದ ಇನ್ನೊಂದು. 1991ರ ಫೆಬ್ರವರಿಯಲ್ಲಿ ಕುವೈತಿನಿಂದ ಬಸ್ರಾ ಕಡೆಗೆ ಹಿಮ್ಮೆಟ್ಟುತ್ತಿದ್ದ ಇರಾಕಿಗಳ ವಾಹನಗಳ ಮೇಲೆ ಅಮೆರಿಕ ಮತ್ತು ಮಿತ್ರಪಡೆಗಳ ವಿಮಾನಗಳು ಬಾಂಬು ಸುರಿದವು. ಸುಟ್ಟು ಕರಕಲಾದ ಲಾರಿ, ಬಸ್ಸು, ಕಾರುಗಳ ಸಾಲಿನ ಚಿತ್ರಗಳು ಜಗತ್ತಿನ ಪತ್ರಿಕೆಗಳಲ್ಲಿ ಬಂದವು. ಆ ರಸ್ತೆಗೆ ‘ಹೈವೇ ಆಫ್ ಡೆತ್’ ಎಂಬ ಹೆಸರೇ ಬಿತ್ತು. 2019ರ ‘ಮಾಡರ್ನ್ ವಾರ್‌ಫೇರ್’ನಲ್ಲಿ ಉರ್ಜಿಕ್‌ಸ್ತಾನ್ ಎಂಬ ಕಲ್ಪನೆಯ ದೇಶದಲ್ಲಿ ಅದೇ ಹೆಸರಿನ ರಸ್ತೆ ಇದೆ, ಅಂಥದೇ ಸುಟ್ಟ ವಾಹನಗಳಿವೆ. ಬಾಂಬು ಹಾಕಿದವರು ಮಾತ್ರ ರಷ್ಯನ್ನರು. ಕಥೆ ಕಟ್ಟುವವನಿಗೆ ಕಲ್ಪನೆಯ ಹಕ್ಕು ಇದೆ, ಒಪ್ಪೋಣ. ದೇಶ ಕಲ್ಪನೆಯದು, ರಷ್ಯನ್ ಸೇನಾಧಿಕಾರಿ ಕಲ್ಪನೆಯವನು, ಆದರೆ ರಸ್ತೆಯ ಹೆಸರು ನಿಜ, ಸತ್ತವರ ನೆನಪು ನಿಜ. ಅಪರಾಧ ಮಾತ್ರ ಬೇರೆಯವರ ಖಾತೆಗೆ ಜಮಾ. ಆ ಗೇಮಿನ ಪ್ರತಿಗಳು 4 ಕೋಟಿಗೂ ಮೇಲೆ ಮಾರಾಟವಾದವು. ಆ ರಸ್ತೆಯ ಹೆಸರನ್ನು ಮೊದಲ ಸಲ ಇಲ್ಲೇ ಕೇಳಿದ ಮಕ್ಕಳು ಎಷ್ಟಿರಬಹುದು? ಐದು ವರ್ಷದ ಮೇಲೆ ‘ಬ್ಲ್ಯಾಕ್ ಆಪ್ಸ್ 6’ ನೇರವಾಗಿ ಆ ಕೊಲ್ಲಿ ಯುದ್ಧಕ್ಕೇ ಹೋಯಿತು, ಸದ್ದಾಮನನ್ನೂ ತಂದಿತು. ಕುವೈತ್ ಆ ಗೇಮಿನ ಮಾರಾಟಕ್ಕೆ ಅನುಮತಿ ಕೊಡಲಿಲ್ಲ. ನಿಷೇಧಗಳ ಬಗ್ಗೆ ನನಗೆ ಒಲವಿಲ್ಲ. ಆದರೂ ಆ ಯುದ್ಧ ನಡೆದದ್ದು ತಮ್ಮ ಮನೆಯಂಗಳದಲ್ಲಿ ಎಂದು ಬಲ್ಲ ಜನ ಮುಖ ತಿರುಗಿಸಿದರೆ ಅಚ್ಚರಿ ಪಡಲಾರೆ.

ಇದು ದೂರದವರ ಚಾಳಿ ಎಂದು ನಾವು ಬೀಗುವಂತಿಲ್ಲ. 2020ರ ಜೂನ್ 15ರ ರಾತ್ರಿ ಗಲ್ವಾನ್‌ನಲ್ಲಿ ಚೀನಾ ಸೇನೆಯ ಜೊತೆಗಿನ ಘರ್ಷಣೆಯಲ್ಲಿ ನಮ್ಮ 20 ಸೈನಿಕರು ಸತ್ತರು. ಸೆಪ್ಟೆಂಬರ್ 2ಕ್ಕೆ ಚೀನಾದ ನಂಟಿದ್ದ ಮೊಬೈಲ್ ಗೇಮ್ ಪಬ್‌ಜಿ ನಿಷೇಧವಾಯಿತು. ಎರಡೇ ದಿನಕ್ಕೆ ಬೆಂಗಳೂರಿನ ಎನ್‌ಕೋರ್ ಗೇಮ್ಸ್ ತಯಾರಿಸುತ್ತಿರುವ ‘ಫೌ-ಜಿ’ಯನ್ನು ಅಕ್ಷಯ್ ಕುಮಾರ್ ಘೋಷಿಸಿದರು. 2021ರ ಗಣರಾಜ್ಯೋತ್ಸವದಂದು ಬಿಡುಗಡೆ, ಮೊದಲ ಅಧ್ಯಾಯವೇ ಗಲ್ವಾನ್. ಗಲ್ವಾನ್ ಘರ್ಷಣೆಯಾಗಿ ಎಂಟು ತಿಂಗಳೂ ಪೂರ್ತಿ ಕಳೆದಿರಲಿಲ್ಲ. ಅಲ್ಲಿ ನಡೆದದ್ದು ಕೈಕೈ ಮಿಲಾಯಿಸಿದ ಕಾದಾಟವಾದ್ದರಿಂದ ಗೇಮಿನಲ್ಲಿ ಬಂದೂಕಿರಲಿಲ್ಲ, ಅಷ್ಟರಮಟ್ಟಿಗೆ ಪ್ರಾಮಾಣಿಕ. ಆದರೆ ಹೊಡೆ, ಮುಂದೆ ನಡೆ, ಮತ್ತೆ ಹೊಡೆ ಎಂಬುದರಾಚೆ ಅದರಲ್ಲಿ ಏನೂ ಇರಲಿಲ್ಲ. ಮೊದಲ ದಿನ ದೇಶಪ್ರೇಮದಿಂದ ಐದು ನಕ್ಷತ್ರ ಕೊಟ್ಟ ಹುಡುಗರು ವಾರದೊಳಗೆ ಮರಳಿ ತಮ್ಮ ಹಳೇ ಗೇಮಿಗೆ ಹೋದರು. ಆ ಹಳೇ ಗೇಮ್ ಹಲವರಿಗೆ ಕಾಲ್ ಆಫ್ ಡ್ಯೂಟಿಯ ಮೊಬೈಲ್ ರೂಪ. ಅದನ್ನು ತಯಾರಿಸಿದ್ದು ಚೀನಾದ ಟೆನ್ಸೆಂಟ್ ಕಂಪನಿಯ ಸ್ಟುಡಿಯೊ, ನಿಷೇಧದ ಪಟ್ಟಿಯಲ್ಲಿ ಅದರ ಹೆಸರಿರಲಿಲ್ಲ.

ದುಡ್ಡಿನ ಮಾತಿಗೆ ಬರೋಣ. ಅಮೆರಿಕದ ನ್ಯಾಯಾಲಯಕ್ಕೆ ಕಂಪನಿಯ ಅಧಿಕಾರಿಯೇ ಸಲ್ಲಿಸಿದ ವಿವರದ ಪ್ರಕಾರ 2020ರ ‘ಬ್ಲ್ಯಾಕ್ ಆಪ್ಸ್ ಕೋಲ್ಡ್ ವಾರ್’ಗೆ ಒಟ್ಟಾರೆ ತಗುಲಿದ ವೆಚ್ಚ 70 ಕೋಟಿ ಡಾಲರಿಗೂ ಹೆಚ್ಚು. ಸುಮಾರು 615 ಕೋಟಿ ರೂಪಾಯಿಯ ಚಂದ್ರಯಾನ-3 ಅನ್ನು ಆ ಹಣದಲ್ಲಿ ಒಂಬತ್ತು ಸಲವಾದರೂ ಹಾರಿಸಬಹುದಿತ್ತು. 2023ರ ಅಕ್ಟೋಬರಿನಲ್ಲಿ ಮೈಕ್ರೋಸಾಫ್ಟ್ ಆಕ್ಟಿವಿಷನ್‌ನ್ನು ಕೊಂಡದ್ದು 6,870 ಕೋಟಿ ಡಾಲರಿಗೆ. ಇಷ್ಟು ಸುರಿದವರು ವರ್ಷ ಬಿಟ್ಟು ವರ್ಷ ಕಾಯುತ್ತಾರೆಯೇ? ವೆಚ್ಚ ಹೆಚ್ಚಿದಷ್ಟೂ ಧೈರ್ಯ ಕಡಿಮೆಯಾಗುತ್ತದೆ, ಹಳೇ ಗೆಲುವಿನ ಹೆಸರಿನ ಮುಂದೆ ಅಂಕಿ ಹೆಚ್ಚುತ್ತದೆ. ಮೂಗಿಗಿಂತ ಮೂಗುತಿ ಭಾರವಾದ ಮೇಲೆ ನಡೆಯುವುದು ಹೀಗೇ.

‘ಬ್ಲ್ಯಾಕ್ ಆಪ್ಸ್ 7’ರಲ್ಲಿ ಇದು ಚಿಕ್ಕದೊಂದು ವಿವರದಲ್ಲೇ ಸಿಕ್ಕಿಬಿತ್ತು. ಕಥೆಯ ಭಾಗವನ್ನು ನಾಲ್ವರು ಸೇರಿ ಆಡಲೆಂದು ರೂಪಿಸಿದ್ದರು. ಒಬ್ಬರೇ ಆಡಿದರೂ ಇಂಟರ್‌ನೆಟ್ ಬೇಕೇ ಬೇಕು, ನಡುವೆ ನಿಲ್ಲಿಸುವ ಗುಂಡಿಯೇ ಇಲ್ಲ. ಅಡುಗೆಮನೆಯಿಂದ ಊಟಕ್ಕೆ ಕರೆ ಬಂತೆಂದು ಎದ್ದು ಹೋಗಿ ತಡವಾದರೆ, ಆಡುತ್ತಿಲ್ಲವೆಂದು ಗೇಮೇ ನಿಮ್ಮನ್ನು ಹೊರಗೆ ಹಾಕುತ್ತಿತ್ತು. 70 ಡಾಲರ್, ಅಂದರೆ ಹತ್ತಿರ ಹತ್ತಿರ 6 ಸಾವಿರ ರೂಪಾಯಿ ಕೊಟ್ಟ ಗಿರಾಕಿಗೆ ಈ ಮರ್ಯಾದೆ. ಅದರಲ್ಲಿನ ಚಿತ್ರಗಳಿಗೆ ಎಐ ಬಳಸಿದ್ದಾರೆಂಬ ಗಲಾಟೆ ಬೇರೆ; ಅಮೆರಿಕದ ಸಂಸದ ರೋ ಖನ್ನಾವರೆಗೂ ಆ ಮಾತು ಹೋಯಿತು. 2025ರ ಅಕ್ಟೋಬರಿನಲ್ಲಿ ಎದುರಾಳಿ ‘ಬ್ಯಾಟಲ್‌ಫೀಲ್ಡ್ 6’ ಮೂರು ದಿನಕ್ಕೆ 70 ಲಕ್ಷ ಪ್ರತಿ ಮಾರಿತ್ತು. ಬ್ಯಾಟಲ್‌ಫೀಲ್ಡಿನ ಉಸ್ತುವಾರಿ ಯಾರದು ಅಂದುಕೊಂಡಿರಿ? 2010ರಲ್ಲಿ ಆಕ್ಟಿವಿಷನ್ ಕೆಲಸದಿಂದ ತೆಗೆದುಹಾಕಿದ್ದ ಅದೇ ಝಂಪೆಲ್ಲಾ ಅವರದು. ಹಳೇ ಯಜಮಾನರ ಗೇಮನ್ನು ಹಿಂದೆ ಹಾಕಿದ ಆ ಗೆಲುವಿನ ಖುಷಿ ಅವರಿಗೆ ಬಹಳ ದಿನ ದಕ್ಕಲಿಲ್ಲ. ಡಿಸೆಂಬರಿನಲ್ಲಿ ಕ್ಯಾಲಿಫೋರ್ನಿಯಾದ ಬೆಟ್ಟದ ರಸ್ತೆಯಲ್ಲಿ ಕಾರು ಅಪಘಾತವಾಗಿ ತೀರಿಕೊಂಡರು.

ಹಾಗಾದರೆ ಮಾಡಬೇಕಾದ್ದೇನು? ಹೆಸರುಗಳನ್ನು ಅದಲುಬದಲು ಮಾಡುವುದಲ್ಲ, ಒಂದು ವರ್ಷ ಹೊಲವನ್ನು ಬೀಳು ಬಿಡುವುದು. ಇದು ಆಗದ ಮಾತೇನಲ್ಲ. ‘ಅಸ್ಯಾಸಿನ್ಸ್ ಕ್ರೀಡ್’ ಸರಣಿಯ ಯೂಬಿಸಾಫ್ಟ್ ಕಂಪನಿಯೂ ವರ್ಷಕ್ಕೊಂದರಂತೆ ತಂದೂ ತಂದೂ, 2014ರಲ್ಲಿ ತಾಂತ್ರಿಕ ದೋಷಗಳೇ ತುಂಬಿದ ಗೇಮೊಂದನ್ನು ಮಾರಿ ಎಲ್ಲರಿಂದ ಉಗಿಸಿಕೊಂಡಿತು. 2016ರಲ್ಲಿ ಈ ವರ್ಷ ಇಲ್ಲ ಎಂದು ಹೇಳಿ ಸುಮ್ಮನಾಯಿತು. 2017ರಲ್ಲಿ ಹಳೆಯ ಈಜಿಪ್ಟಿಗೆ ಹೋದ ‘ಒರಿಜಿನ್ಸ್’ ಬಂದಾಗ ಸರಣಿಗೆ ಮತ್ತೆ ಉಸಿರು ಬಂದಿತ್ತು. ಆಕ್ಟಿವಿಷನ್‌ನಲ್ಲೂ ಇದನ್ನು ಬಲ್ಲವರು ಖಂಡಿತ ಇದ್ದಾರೆ. ಷೇರುದಾರರ ಸಭೆಯಲ್ಲಿ ಎದ್ದು ನಿಂತು ಹೇಳುವವರು ಬೇಕು.

ಹೊಸ ಗೇಮಿನ ಟ್ರೈಲರ್ ಬಂದ ಕೂಡಲೇ ಮುಂಗಡ ಬುಕಿಂಗ್ ಶುರುವಾಗುತ್ತದೆ, ಮಗನಿಗೆ ಕೊಡಿಸಬೇಕೇ ಎಂದು ಕೇಳುವ ಓದುಗರೂ ಇದ್ದಾರೆ. ಮೊದಲನೆಯದಾಗಿ, ಇದು ದೊಡ್ಡವರ ಗೇಮ್. ಡಬ್ಬಿಯ ಮೇಲೆ ಯುರೋಪಿನವರು 18, ಅಮೆರಿಕದವರು 17 ಎಂದು ವಯಸ್ಸು ಮುದ್ರಿಸುವುದು ಅಲಂಕಾರಕ್ಕಲ್ಲ. ಮಗ ಆ ವಯಸ್ಸು ದಾಟಿದ್ದರೆ ಜನವರಿವರೆಗೆ ತಡೆಯಿರಿ; ಅಷ್ಟರಲ್ಲಿ ರಿಯಾಯಿತಿಯೂ ಬರುತ್ತದೆ, ಕಥೆ ಎಷ್ಟು ಗಂಟೆಯದು, ನಿಲ್ಲಿಸುವ ಗುಂಡಿ ಇದೆಯೇ, ಯಾವ ದೇಶವನ್ನು ಸುಟ್ಟಿದ್ದಾರೆ ಎಂಬುದೂ ಗೊತ್ತಾಗಿರುತ್ತದೆ. ಅಲ್ಲಿಯವರೆಗೆ ಅವನಿಗೆ ಆಡಲೇಬೇಕೆಂದಿದ್ದರೆ 2007ರದ್ದನ್ನು ಕೊಡಿಸಿ. ಹಳೇ ಕಂಪ್ಯೂಟರಿನಲ್ಲೂ ಓಡುತ್ತದೆ.